ನಿಮ್ಮೂರಿನ ನೌಕಾಧಿಕಾರಿಯ ಬದುಕು ಬರೆಯುವುದು ಹೇಗೆ

ಊರಿನ ಹೈಸ್ಕೂಲಿಗೆ ಐವತ್ತು ವರ್ಷ ತುಂಬುತ್ತದೆ. ಸ್ಮರಣ ಸಂಚಿಕೆ ತರಬೇಕು ಅಂತ ಸಮಿತಿ ಆಗುತ್ತದೆ. ಅಲ್ಲಿ ಓದಿದ ಹುಡುಗನೊಬ್ಬ ನೇವಿಗೆ ಸೇರಿ ರಿಯರ್ ಅಡ್ಮಿರಲ್ ಆಗಿ ನಿವೃತ್ತನಾಗಿರುತ್ತಾನೆ. ಅವರ ಬಗ್ಗೆ ಆರು ಪುಟ ಬರೆಯುವ ಕೆಲಸ ಕನ್ನಡ ಮೇಷ್ಟ್ರ ತಲೆಗೆ ಬರುತ್ತದೆ. ಮೇಷ್ಟ್ರು ಕರಡು ಹಿಡಿದುಕೊಂಡು ನಮ್ಮ ಮನೆಗೆ ಬರುತ್ತಾರೆ. ಅಂಕೋಲಾ, ಕುಮಟಾ, ಕಾರವಾರದ ಕಡೆ ಇದು ಮಾಮೂಲಿ. ನಾನು ನೌಕಾಪಡೆಯಲ್ಲಿ ರೈಟರ್ ಬ್ರಾಂಚಿನವನು. ಅಂದರೆ ಹಡಗಿನ ಗುಮಾಸ್ತ. ಚೀಫ್ ಪೆಟಿ ಆಫೀಸರ್ ಆಗಿ ಪಿಂಚಣಿಗೆ ಬಂದೆ. ಅಧಿಕಾರಿಗಳ ಬಯೋಡೇಟಾ ಟೈಪ್ ಮಾಡುವುದರಲ್ಲೇ ನನ್ನ ಬೆರಳು ಸವೆದಿವೆ.

ನನ್ನ ಹತ್ತಿರ ಬರುವ ಕರಡುಗಳೆಲ್ಲ ಹೆಚ್ಚುಕಮ್ಮಿ ಒಂದೇ ತರ ಇರುತ್ತವೆ. ಮೊದಲ ಪ್ಯಾರಾದಲ್ಲಿ ಪದಕಗಳ ಪಟ್ಟಿ. ಎರಡನೆಯದರಲ್ಲಿ ಹುದ್ದೆಗಳ ಪಟ್ಟಿ. ಮೂರನೆಯದರಲ್ಲಿ 'ದೇಶಸೇವೆಗೆ ಬದುಕನ್ನೇ ಮುಡಿಪಾಗಿಟ್ಟ' ಅನ್ನುವ ಸಾಲು. ಹೆಸರು ಬದಲಾಯಿಸಿದರೆ ಯಾವ ಅಡ್ಮಿರಲ್‌ಗಾದರೂ ಸರಿಹೋಗುತ್ತದೆ. ಹಾಗೆ ಸರಿಹೋಗದಂತೆ ಬರೆಯಬೇಕಾದರೆ ಏನು ಮಾಡಬೇಕು ಅನ್ನುವುದನ್ನು ಇಲ್ಲಿ ಹೇಳುತ್ತೇನೆ. ಅಭಿನಂದನಾ ಗ್ರಂಥ ಇರಲಿ, ಸಮಾಜದ ಪತ್ರಿಕೆ ಇರಲಿ, ಮನೆಯವರೇ ಮಕ್ಕಳಿಗೋಸ್ಕರ ಬರೆದಿಡುವ ಪುಸ್ತಕ ಇರಲಿ, ದಾರಿ ಒಂದೇ.

ಮೊದಲು ಹಡಗುಗಳ ಪಟ್ಟಿ ಮಾಡಿ. ಹುದ್ದೆಗಳದ್ದಲ್ಲ. ಒಂದು ಉದ್ದ ಹಾಳೆ ತೆಗೆದುಕೊಂಡು ಎಡಕ್ಕೆ ಇಸವಿ ಬರೆಯಿರಿ. ಪಕ್ಕದಲ್ಲಿ ಆ ವರ್ಷ ಅವರು ಯಾವ ಹಡಗಿನಲ್ಲಿದ್ದರು, ಯಾವ ಊರಿನಲ್ಲಿದ್ದರು ಅಂತ ಬರೆಯಿರಿ. ಮೂರನೆಯ ಕಡೆ ಹಡಗಿನಲ್ಲಿ ಅವರ ಕೆಲಸ ಏನಿತ್ತು ಅಂತ. ನಾಲ್ಕನೆಯ ಕಡೆ ಅವರ ಕಮಾಂಡಿಂಗ್ ಆಫೀಸರ್ ಯಾರು ಅಂತ. ಖಾಲಿ ಉಳಿಯುವ ವರ್ಷಗಳು ಇದ್ದೇ ಇರುತ್ತವೆ. ಉಳಿಯಲಿ, ಅವೇ ಮುಂದೆ ನೀವು ಕೇಳಬೇಕಾದ ಪ್ರಶ್ನೆಗಳು. ಅಧಿಕಾರಿಗೆ ತಾನು ಲೆಫ್ಟಿನೆಂಟ್ ಕಮಾಂಡರ್ ಆದ ತಾರೀಖು ಮರೆತಿರಬಹುದು. ಮೊದಲು ಹತ್ತಿದ ಹಡಗಿನಲ್ಲಿ ತಾನು ಮಲಗುವ ಬಂಕ್ ಎಲ್ಲಿತ್ತು ಅನ್ನುವುದು ಮರೆಯುವುದಿಲ್ಲ.

ಈ ಪಟ್ಟಿಯಲ್ಲಿ ಎರಡು ಕಡೆ ಜನ ಎಡವುತ್ತಾರೆ. ಒಂದು, 'ಐಎನ್‌ಎಸ್' (ಇಂಡಿಯನ್ ನೇವಲ್ ಶಿಪ್) ಅಂತ ಇದ್ದದ್ದೆಲ್ಲ ಹಡಗು ಅಂದುಕೊಳ್ಳುವುದು. ನೌಕಾಪಡೆ ದಡದ ಮೇಲಿನ ನೆಲೆಗಳಿಗೂ ಹಡಗಿನ ಹಾಗೆಯೇ ಹೆಸರಿಡುತ್ತದೆ. 'ಐಎನ್‌ಎಸ್ ಶಿವಾಜಿಯಲ್ಲಿ ಎರಡು ವರ್ಷ ಸಮುದ್ರಯಾನ ಮಾಡಿದರು' ಅಂತ ಒಂದು ಕರಡಿನಲ್ಲಿತ್ತು. ಶಿವಾಜಿ ಇರುವುದು ಲೋನಾವಳದಲ್ಲಿ, ಘಟ್ಟದ ಮೇಲೆ. ಅದು ಎಂಜಿನಿಯರಿಂಗ್ ತರಬೇತಿ ಕೇಂದ್ರ. ಅಲ್ಲಿ ಸಮುದ್ರಯಾನ ಮಾಡಬೇಕಾದರೆ ಮಳೆಗಾಲ ಜೋರಾಗಿಯೇ ಇರಬೇಕು. ಜಾಮ್‌ನಗರದ ವಾಲ್ಸುರಾ ಎಲೆಕ್ಟ್ರಿಕಲ್ ಶಾಖೆಯ ಶಾಲೆ. ಕೊಚ್ಚಿಯ ದ್ರೋಣಾಚಾರ್ಯ ಫಿರಂಗಿ, ಕ್ಷಿಪಣಿ ಕಲಿಸುವ ಶಾಲೆ. ಒಡಿಶಾದ ಚಿಲ್ಕಾದಲ್ಲಿ ನಾವಿಕರ ತರಬೇತಿ. ವಿಶಾಖಪಟ್ಟಣದ ಸಾತವಾಹನ ಜಲಾಂತರ್ಗಾಮಿಯವರ ಶಾಲೆ. ಗೋವಾದ ಹಂಸ ವಿಮಾನ ನೆಲೆ. ನಮ್ಮ ಕಾರವಾರದ ಕದಂಬ ಕೂಡ ನೆಲೆಯೇ, 2005ರಲ್ಲಿ ಶುರುವಾದದ್ದು. ಇವುಗಳಲ್ಲಿ ಕಳೆದ ವರ್ಷಗಳನ್ನು ಪಟ್ಟಿಯಲ್ಲಿ ಬೇರೆ ಬಣ್ಣದಲ್ಲಿ ಬರೆಯಿರಿ.

ಎರಡನೆಯದು, ಹಡಗಿನ ಹೆಸರು ಮತ್ತೆ ಮತ್ತೆ ಬರುವುದು. ಹಳೆಯ ಹಡಗು ಹೋದ ಮೇಲೆ ಅದೇ ಹೆಸರು ಹೊಸ ಹಡಗಿಗೆ ಸಿಗುತ್ತದೆ. ನಮ್ಮವರಿಗೆ ಹತ್ತಿರದ ಉದಾಹರಣೆ ಐಎನ್‌ಎಸ್ ಮೈಸೂರು. ಮೊದಲ ಮೈಸೂರು ಒಂದು ಕ್ರೂಸರ್. ಬ್ರಿಟಿಷರ ನೈಜೀರಿಯಾ ಅನ್ನುವ ಹಡಗನ್ನು ಕೊಂಡು 1957ರಲ್ಲಿ ನಮ್ಮ ಪಡೆಗೆ ಸೇರಿಸಿಕೊಂಡರು. 1971ರ ಯುದ್ಧದಲ್ಲಿ ಪಶ್ಚಿಮ ನೌಕಾದಳದ ಮುಖ್ಯ ಹಡಗು ಅದೇ. 1985ರಲ್ಲಿ ಅದರ ಸೇವೆ ಮುಗಿಯಿತು. ಎರಡನೆಯ ಮೈಸೂರು ಮುಂಬೈಯ ಮಜಗಾಂವ್ ಡಾಕ್‌ನಲ್ಲಿ ಕಟ್ಟಿದ ಡೆಸ್ಟ್ರಾಯರ್, ಸೇವೆಗೆ ಬಂದದ್ದು 1999ರಲ್ಲಿ. ಎರಡರ ಲಾಂಛನದಲ್ಲೂ ನಮ್ಮ ಗಂಡಭೇರುಂಡ ಇದೆ. ಹಾಗಾದರೆ '1992ರಲ್ಲಿ ಮೈಸೂರು ಹಡಗಿನಲ್ಲಿದ್ದರು' ಅಂತ ಯಾರಾದರೂ ಬರೆದರೆ ಏನರ್ಥ? ಆ ವರ್ಷ ಆ ಹೆಸರಿನ ಹಡಗೇ ಇರಲಿಲ್ಲ.

ವಿಕ್ರಾಂತ್‌ಗೂ ಇದೇ ಲೆಕ್ಕ. ಹಳೆಯದು 1961ರಿಂದ 1997ರವರೆಗೆ. ಹೊಸದು 2022ರ ಸೆಪ್ಟೆಂಬರ್ 2ರಂದು ಕೊಚ್ಚಿಯಲ್ಲಿ ಸೇವೆಗೆ ಬಂತು. ವಿಮಾನವಾಹಕ ವಿರಾಟ್ 1987ರಿಂದ 2017ರವರೆಗೆ. ದೆಹಲಿ ಹೆಸರಿನ ಕ್ರೂಸರ್ 1978ಕ್ಕೆ ಮುಗಿದು, ಅದೇ ಹೆಸರಿನ ಡೆಸ್ಟ್ರಾಯರ್ 1997ರಲ್ಲಿ ಬಂತು. ಪ್ರತಿ ಹಡಗಿನ ಮುಂದೆ ಅದು ಹುಟ್ಟಿದ ವರ್ಷ, ತೀರಿದ ವರ್ಷ ಹಾಕಿಟ್ಟುಕೊಳ್ಳಿ. ಅರ್ಧ ತಪ್ಪು ಅಲ್ಲೇ ಸಿಕ್ಕಿಬೀಳುತ್ತದೆ. ಅದರಲ್ಲೂ ಹೊಸ ಹಡಗು ಸೇವೆಗೆ ಬರುವಾಗಲೇ ಅದರಲ್ಲಿದ್ದವರು ಅಂತಾದರೆ ಬಿಡಬೇಡಿ, ಕೇಳಿ. ಡಾಕ್‌ಯಾರ್ಡಿನಲ್ಲಿ ಬಣ್ಣದ ವಾಸನೆಯ ನಡುವೆ ತಿಂಗಳುಗಟ್ಟಲೆ ಕಾದು, ಒಂದೊಂದೇ ಯಂತ್ರ ಓಡಿಸಿ ನೋಡಿದವರ ಹತ್ತಿರ ಹೇಳಲು ಬೇಕಾದಷ್ಟಿರುತ್ತದೆ.

ಈಗ ಹುದ್ದೆ. ಇಲ್ಲಿ ಎಲ್ಲಕ್ಕಿಂತ ಜಾಸ್ತಿ ಗೊಂದಲ 'ಕ್ಯಾಪ್ಟನ್' ವಿಷಯದಲ್ಲಿ. ಸೇನೆಯ ಕ್ಯಾಪ್ಟನ್ ಅಂದರೆ ಕೆಲವೇ ವರ್ಷ ಸೇವೆಯ ಹುಡುಗ. ನೇವಿಯ ಕ್ಯಾಪ್ಟನ್ ಸೇನೆಯ ಕರ್ನಲ್‌ಗೆ ಸಮ. ಸೇನೆಯ ಕ್ಯಾಪ್ಟನ್‌ಗೆ ಸಮನಾದವರು ನೇವಿಯ ಲೆಫ್ಟಿನೆಂಟ್. ಕಮೊಡೋರ್ ಅಂದರೆ ಬ್ರಿಗೇಡಿಯರ್‌ಗೆ ಸಮ, ರಿಯರ್ ಅಡ್ಮಿರಲ್ ಮೇಜರ್ ಜನರಲ್‌ಗೆ ಸಮ. ಇನ್ನೊಂದು ತೊಡಕು ಇದೆ. ಹಡಗು ನಡೆಸುವವರು ಕಮಾಂಡರ್ ಆಗಿರಲಿ, ಲೆಫ್ಟಿನೆಂಟ್ ಕಮಾಂಡರ್ ಆಗಿರಲಿ, ಹಡಗಿನವರೆಲ್ಲ ಅವರನ್ನು ಕ್ಯಾಪ್ಟನ್ ಅಂತಲೇ ಕರೆಯುತ್ತಾರೆ. ಹಳೆಯ ಪತ್ರದಲ್ಲಿ 'ನಮ್ಮ ಕ್ಯಾಪ್ಟನ್' ಅಂತ ಕಂಡ ಕೂಡಲೇ ಅದನ್ನು ಹುದ್ದೆ ಅಂದುಕೊಂಡು ಬರೆಯಬೇಡಿ. ಭುಜಪಟ್ಟಿಯ ಗೆರೆ ಎಣಿಸಿ. ಲೆಫ್ಟಿನೆಂಟ್‌ಗೆ ಎರಡು, ಲೆಫ್ಟಿನೆಂಟ್ ಕಮಾಂಡರ್‌ಗೆ ಎರಡರ ನಡುವೆ ಇನ್ನೊಂದು ತೆಳು ಗೆರೆ, ಕಮಾಂಡರ್‌ಗೆ ಮೂರು, ಕ್ಯಾಪ್ಟನ್‌ಗೆ ನಾಲ್ಕು.

ಬಡ್ತಿಯ ತಾರೀಖುಗಳಲ್ಲಿ ಯಾವುದು ದೊಡ್ಡದು, ಯಾವುದು ಮಾಮೂಲಿ ಅನ್ನುವುದನ್ನು ತಿಳಿದು ಬರೆಯಬೇಕು. ಇವತ್ತು ಕಮಾಂಡರ್ ಹುದ್ದೆ 13 ವರ್ಷ ಸೇವೆ ಆದರೆ ಬರುತ್ತದೆ. 2004ರ ಕೊನೆಯವರೆಗೆ ಹಾಗಿರಲಿಲ್ಲ. ಆಯ್ಕೆ ಮಂಡಳಿ ಕೂತು ಆರಿಸಬೇಕಿತ್ತು, ಬಹಳಷ್ಟು ಮಂದಿ ಅಲ್ಲೇ ನಿಲ್ಲುತ್ತಿದ್ದರು. ಹಾಗಾಗಿ 1980ರ ದಶಕದಲ್ಲಿ ಕಮಾಂಡರ್ ಆದವರ ಬದುಕಿನಲ್ಲಿ ಅದು ಒಂದು ತಿರುವು, ಅದಕ್ಕೆ ಒಂದು ಪ್ಯಾರಾ ಕೊಡಿ. 2010ರಲ್ಲಿ ಆದವರಿಗೆ ಅರ್ಧ ಸಾಲು ಸಾಕು. ಕ್ಯಾಪ್ಟನ್‌ನಿಂದ ಮೇಲೆ ಹೆಚ್ಚುಕಮ್ಮಿ ಎಲ್ಲವೂ ಆಯ್ಕೆಯೇ. ರಿಯರ್ ಅಡ್ಮಿರಲ್ ಆದಾಗ ಮನೆಯ ಮುಂದಿನ ಕಾರಿಗೆ ಎರಡು ನಕ್ಷತ್ರ ಬರುತ್ತದೆ. ವೈಸ್ ಅಡ್ಮಿರಲ್‌ಗೆ ಮೂರು. ನಾಲ್ಕು ನಕ್ಷತ್ರ ನೌಕಾಪಡೆಯ ಮುಖ್ಯಸ್ಥರಿಗೆ. ಅದೂ ಮೊದಲಿಂದ ಹಾಗಿರಲಿಲ್ಲ. 1958ರಲ್ಲಿ ಮುಖ್ಯಸ್ಥರಾದ ಮೊದಲ ಭಾರತೀಯ ರಾಮದಾಸ್ ಕಟಾರಿ ವೈಸ್ ಅಡ್ಮಿರಲ್ ಆಗಿದ್ದರು. ಪೂರ್ಣ ಅಡ್ಮಿರಲ್ ಹುದ್ದೆ ಬಂದದ್ದು 1968ರಲ್ಲಿ, ಎ.ಕೆ. ಚಟರ್ಜಿ ಅವರ ಕಾಲಕ್ಕೆ.

ನಿವೃತ್ತಿಯ ಲೆಕ್ಕವೂ ಒಂದು ಒಳ್ಳೆಯ ತಾಳೆ. ಈಗ ರಿಯರ್ ಅಡ್ಮಿರಲ್‌ಗೆ 58, ವೈಸ್ ಅಡ್ಮಿರಲ್‌ಗೆ 60. ಮುಖ್ಯಸ್ಥರಿಗೆ 62 ಅಥವಾ ಮೂರು ವರ್ಷದ ಅವಧಿ, ಯಾವುದು ಮೊದಲು ಬರುತ್ತದೋ ಅದು. ಹಳಬರ ಕಾಲಕ್ಕೆ ಈ ವಯಸ್ಸು ಇನ್ನೂ ಕಡಿಮೆ ಇತ್ತು, ಅವರ ಕಾಲದ್ದನ್ನೇ ಕೇಳಿ ತಿಳಿದುಕೊಂಡು ಹುಟ್ಟಿದ ವರ್ಷಕ್ಕೆ ಕೂಡಿಸಿ ನೋಡಿ. ಲೆಕ್ಕ ತಪ್ಪಿದರೆ ಎರಡೇ ಕಾರಣ. ನಿಮ್ಮ ತಾರೀಖು ತಪ್ಪು, ಇಲ್ಲವೇ ಅವರು ಮೊದಲೇ ಹೊರಗೆ ಬಂದಿದ್ದಾರೆ. ಎರಡನೆಯದಾದರೆ ಅಲ್ಲೊಂದು ಕತೆ ಇದೆ.

ಶಾಖೆ ಯಾವುದು ಅಂತ ಕೇಳದೆ ಒಂದು ಸಾಲೂ ಬರೆಯಬೇಡಿ. ಯುದ್ಧನೌಕೆಯ ಕಮಾಂಡ್ ಸಿಗುವುದು ಎಕ್ಸಿಕ್ಯುಟಿವ್ ಶಾಖೆಯವರಿಗೆ ಮಾತ್ರ. ಎಂಜಿನಿಯರಿಂಗ್ ಅಥವಾ ಎಲೆಕ್ಟ್ರಿಕಲ್ ಶಾಖೆಯ ವೈಸ್ ಅಡ್ಮಿರಲ್ ಬಗ್ಗೆ 'ಎಷ್ಟೋ ಹಡಗುಗಳನ್ನು ಮುನ್ನಡೆಸಿದರು' ಅಂತ ಬರೆದರೆ ಅವರೇ ಮೊದಲು ಮುಜುಗರಪಡುತ್ತಾರೆ. ಅವರ ಕತೆ ಬೇರೆ ಕಡೆ ಇರುತ್ತದೆ: ಬಾಯ್ಲರ್ ಕೋಣೆಯಲ್ಲಿ, ರಿಫಿಟ್‌ನಲ್ಲಿ (ಹಡಗಿನ ದೊಡ್ಡ ರಿಪೇರಿ), ಹಡಗು ಕಟ್ಟುವ ಅಂಗಳದಲ್ಲಿ. ಮಜಗಾಂವ್ ಡಾಕ್‌ನಲ್ಲಿ ಕಟ್ಟಿದ ಮೊದಲ ಫ್ರಿಗೇಟ್ ನೀಲಗಿರಿ 1972ರಲ್ಲಿ ಸೇವೆಗೆ ಬಂತು. ನಮ್ಮವರೇ ನಕ್ಷೆ ಹಾಕಿ ಕಟ್ಟಿದ ಗೋದಾವರಿ 1983ರಲ್ಲಿ. ಆ ಕಾಲದಲ್ಲಿ ಲೇತ್ ಮೆಷಿನ್ ಪಕ್ಕ ನಿಂತು ಕಣ್ಣು ಕೆಂಪು ಮಾಡಿಕೊಂಡ ಎಂಜಿನಿಯರ್ ಅಧಿಕಾರಿಗಳ ಬಗ್ಗೆ ಕನ್ನಡದಲ್ಲಿ ಯಾರೂ ಬರೆದದ್ದು ನಾನು ಓದಿಲ್ಲ. ನಿಮ್ಮೂರಿನವರು ಆ ಗುಂಪಿನವರಾದರೆ ಅದೃಷ್ಟ ಅಂದುಕೊಳ್ಳಿ.

ಪದಕಗಳಿಗೆ ಬರೋಣ. ಎದೆಯ ಮೇಲೆ ಎರಡು ಮೂರು ಸಾಲು ರಿಬ್ಬನ್ ನೋಡಿ ಎಲ್ಲವೂ ಶೌರ್ಯಕ್ಕೆ ಸಿಕ್ಕಿದ್ದು ಅಂದುಕೊಳ್ಳಬೇಡಿ. 9, 20, 30 ವರ್ಷ ಸೇವೆ ಮುಗಿಸಿದವರಿಗೆಲ್ಲ ಪದಕ ಇದೆ. ಅವು ನನ್ನ ಬಳಿಯೂ ಇವೆ. ಸ್ವಾತಂತ್ರ್ಯದ 25ನೇ ವರ್ಷಕ್ಕೆ, 50ನೇ ವರ್ಷಕ್ಕೆ ಎಲ್ಲರಿಗೂ ಕೊಟ್ಟದ್ದಿದೆ. 1971ರ ಸಂಗ್ರಾಮ್ ಪದಕ ಆ ಯುದ್ಧದ ಕಾಲದಲ್ಲಿ ಸೇವೆಯಲ್ಲಿದ್ದವರಿಗೆ ಕೊಟ್ಟದ್ದು. ಹೆಸರಿನ ಮುಂದೆ ಅಕ್ಷರವಾಗಿ ಬರುವವು ಬೇರೆ. ಪರಮ ವಿಶಿಷ್ಟ, ಅತಿ ವಿಶಿಷ್ಟ, ವಿಶಿಷ್ಟ ಸೇವಾ ಪದಕ ಈ ಮೂರೂ ಒಳ್ಳೆಯ ಸೇವೆಗೆ. ಮಹಾವೀರ ಚಕ್ರ, ವೀರ ಚಕ್ರ ಶತ್ರುವಿನ ಎದುರು ತೋರಿದ ಶೌರ್ಯಕ್ಕೆ. ನೌಸೇನಾ ಪದಕ ಎರಡಕ್ಕೂ ಕೊಡುತ್ತಾರೆ, ಆದ್ದರಿಂದ ಯಾವುದಕ್ಕೆ ಬಂತು ಅಂತ ಕೇಳಲೇಬೇಕು. ವಿಶಿಷ್ಟ ಸೇವಾ ಪದಕಗಳಿಗೆ ಈ ಹೆಸರುಗಳು ಬಂದದ್ದು 1967ರಲ್ಲಿ. ಅದಕ್ಕೆ ಮುಂಚೆ ಮೊದಲ ದರ್ಜೆ, ಎರಡನೇ ದರ್ಜೆ, ಮೂರನೇ ದರ್ಜೆ ಅಂತಿತ್ತು. ಹಳಬರ ಬಗ್ಗೆ ಬರೆಯುವಾಗ ಇದು ನೆನಪಿರಲಿ.

ಶೌರ್ಯ ಪದಕ ಇದ್ದರೆ ಅದರ ಜೊತೆ ಬಂದ ಪ್ರಶಸ್ತಿ ಬರಹ ಸರ್ಕಾರದ ಗೆಜೆಟ್‌ನಲ್ಲಿ ಇರುತ್ತದೆ. ರಕ್ಷಣಾ ಸಚಿವಾಲಯದ ಶೌರ್ಯ ಪ್ರಶಸ್ತಿಗಳ ಜಾಲತಾಣದಲ್ಲೂ ಹುಡುಕಬಹುದು. ಅದನ್ನು ಹಾಗೆಯೇ ಅನುವಾದ ಮಾಡಿ ಹಾಕುವುದು ಸುಲಭ. ದಯವಿಟ್ಟು ಬೇಡ. ಅಂಥ ಬರಹ ಟೈಪ್ ಮಾಡುವವರ ಸಾಲಿನಲ್ಲಿ ನಾನೂ ಇದ್ದವನು. ಅದಕ್ಕೊಂದು ಅಚ್ಚು ಇರುತ್ತದೆ, ಎಲ್ಲರೂ ಅದರಲ್ಲಿ 'ಅಪ್ರತಿಮ ಧೈರ್ಯ' ತೋರಿಸಿರುತ್ತಾರೆ. ನೀವು ಅದರಿಂದ ತಾರೀಖು, ಹಡಗು, ಜಾಗ ಇಷ್ಟನ್ನು ಮಾತ್ರ ತೆಗೆದುಕೊಳ್ಳಿ. ಆ ರಾತ್ರಿ ಏನಾಯಿತು ಅನ್ನುವುದನ್ನು ಬಾಯಿಂದಲೇ ಕೇಳಿ.

ಈಗ ಮುಖ್ಯ ಕೆಲಸ, ಮಾತಾಡಿಸುವುದು. ಹಿರಿಯ ಅಧಿಕಾರಿಗಳನ್ನು ಮಾತಾಡಿಸುವುದಕ್ಕೆ ಒಂದು ತೊಂದರೆ ಇದೆ. ಅವರು ಜೀವನವಿಡೀ ಬ್ರೀಫಿಂಗ್ ಕೊಟ್ಟವರು. 'ನಿಮ್ಮ ಸಾಧನೆ ಬಗ್ಗೆ ಹೇಳಿ ಸರ್' ಅಂದರೆ ನೆಟ್ಟಗೆ ಕೂತು, ಸ್ಲೈಡ್ ಓದಿದ ಹಾಗೆ ಹೇಳಿ ಮುಗಿಸುತ್ತಾರೆ. ಅದರಲ್ಲಿ ನಿಮಗೆ ಏನೂ ಸಿಗುವುದಿಲ್ಲ. ಆದ್ದರಿಂದ ಸಣ್ಣ ಪ್ರಶ್ನೆ ಕೇಳಿ. ನಿಮಗೆ ವಾಚ್‌ಕೀಪಿಂಗ್ ಸರ್ಟಿಫಿಕೇಟ್ ಕೊಟ್ಟ ಕ್ಯಾಪ್ಟನ್ ಯಾರು? ಅದು ಸಿಕ್ಕ ಮೇಲೆ ಬ್ರಿಡ್ಜ್ ಮೇಲೆ, ಅಂದರೆ ಹಡಗು ನಡೆಸುವ ಜಾಗದಲ್ಲಿ, ಮೊದಲ ಸಲ ಒಬ್ಬರೇ ನಿಂತ ರಾತ್ರಿ ಹೇಗಿತ್ತು? ಈ ಪ್ರಶ್ನೆಗೆ ಸುಮ್ಮನೆ ಉತ್ತರ ಕೊಟ್ಟವರನ್ನು ನಾನು ಕಂಡಿಲ್ಲ. ಆ ಸರ್ಟಿಫಿಕೇಟ್ ಅಂದರೆ ಸಮುದ್ರದಲ್ಲಿ ಇಡೀ ಹಡಗನ್ನು, ಒಳಗೆ ಮಲಗಿರುವ ನೂರಾರು ಜನರನ್ನು, ಇವನ ಕೈಗೆ ಒಪ್ಪಿಸಬಹುದು ಅಂತ ಕ್ಯಾಪ್ಟನ್ ಹಾಕುವ ರುಜು. ಅಡ್ಮಿರಲ್ ಆದವರಿಗೂ ಅದರ ಮುಂದೆ ಬೇರೆ ಕಾಗದ ಸಪ್ಪೆ.

ವಾಚ್‌ಗಳ ಬಗ್ಗೆ, ಅಂದರೆ ಹಡಗಿನ ಕಾವಲಿನ ಪಾಳಿಗಳ ಬಗ್ಗೆ, ಸ್ವಲ್ಪ ತಿಳಿದುಕೊಂಡು ಹೋಗಿ. ಮಧ್ಯರಾತ್ರಿ 12ರಿಂದ ಬೆಳಗಿನ ಜಾವ 4ರವರೆಗಿನದು ಮಿಡಲ್ ವಾಚ್, 4ರಿಂದ 8 ಮಾರ್ನಿಂಗ್ ವಾಚ್. ಸಂಜೆ 4ರಿಂದ 8ರ ನಡುವೆ ಎರಡೆರಡು ಗಂಟೆಯ ಎರಡು ಡಾಗ್ ವಾಚ್. ಹಾಗೆ ಒಡೆದಿರುವುದರಿಂದಲೇ ದಿನಾ ಒಬ್ಬನಿಗೇ ಮಿಡಲ್ ವಾಚ್ ಬೀಳುವುದಿಲ್ಲ. ಇಷ್ಟು ಗೊತ್ತಿದ್ದು ಪ್ರಶ್ನೆ ಕೇಳಿದರೆ ಎದುರಿಗಿದ್ದವರ ಮುಖವೇ ಬದಲಾಗುತ್ತದೆ. ಇವನು ಓದಿಕೊಂಡು ಬಂದಿದ್ದಾನೆ ಅಂತ ಗೊತ್ತಾಗುತ್ತದೆ. ಆಮೇಲೆ ಮಾತು ತಾನಾಗಿ ಬರುತ್ತದೆ.

ಇನ್ನೊಂದು ಪ್ರಶ್ನೆಯನ್ನು ಮರೆಯದೆ ಕೇಳಿ. ಕಮಾಂಡ್‌ನಲ್ಲಿದ್ದಾಗ ರಿಕ್ವೆಸ್ಟ್‌ಮೆನ್, ಡಿಫಾಲ್ಟರ್ಸ್ ಹೇಗೆ ನಡೆಸುತ್ತಿದ್ದಿರಿ? ಹಡಗಿನ ಕ್ಯಾಪ್ಟನ್ ಎದುರು ನಾವಿಕರು ಟೋಪಿ ಸರಿಮಾಡಿಕೊಂಡು ನಿಲ್ಲುವ ಹೊತ್ತು ಅದು. ಒಬ್ಬನಿಗೆ ತಂಗಿಯ ಮದುವೆಗೆ ರಜೆ ಬೇಕು. ಇನ್ನೊಬ್ಬ ದಡಕ್ಕೆ ಹೋದವನು ತಡವಾಗಿ ಬಂದಿದ್ದಾನೆ. ಕ್ಯಾಪ್ಟನ್ ಅಲ್ಲಿ ನ್ಯಾಯಾಧೀಶನೂ ಹೌದು, ಮನೆಯ ಯಜಮಾನನೂ ಹೌದು. ಆ ಕಾಗದಗಳು ನಮ್ಮ ಕಚೇರಿ ದಾಟಿಯೇ ಹೋಗುತ್ತಿದ್ದವು. ಒಬ್ಬೊಬ್ಬ ಅಧಿಕಾರಿ ಎಂಥವರು ಅಂತ ನಮಗೆ ತಿಳಿಯುತ್ತಿದ್ದದ್ದು ಅಲ್ಲಿ. ಪರೇಡ್ ಮೈದಾನದಲ್ಲಿ ಎಲ್ಲರೂ ನೆಟ್ಟಗೇ ನಿಲ್ಲುತ್ತಾರೆ, ಅಲ್ವಾ?

ಹಾಗಾಗಿ ಅವರ ಕೈಕೆಳಗೆ ದುಡಿದ ಒಬ್ಬ ನಾವಿಕನನ್ನಾದರೂ ಹುಡುಕಿ. ಉತ್ತರ ಕನ್ನಡ, ಬೆಳಗಾವಿ, ಕೊಡಗಿನಲ್ಲಿ ನಿವೃತ್ತ ನಾವಿಕರಿಗೆ ಕೊರತೆಯಿಲ್ಲ. ಜಿಲ್ಲಾ ಸೈನಿಕ ಕಲ್ಯಾಣ ಕಚೇರಿಯಲ್ಲಿ ವಿಚಾರಿಸಿದರೆ ದಾರಿ ಸಿಗುತ್ತದೆ. ಅವರನ್ನು ಕೇಳಬೇಕಾದದ್ದು, 'ಸಾಹೇಬರು ನಿಮ್ಮ ಡಿವಿಷನಲ್ ಆಫೀಸರ್ ಆಗಿದ್ದರಾ?' ಅಂತ. ಹಡಗಿನಲ್ಲಿ ಪ್ರತಿ ನಾವಿಕನಿಗೂ ಒಬ್ಬ ಡಿವಿಷನಲ್ ಆಫೀಸರ್ ಇರುತ್ತಾರೆ. ರಜೆ, ಸಂಬಳ, ಮನೆಯ ಕಷ್ಟ, ಪರೀಕ್ಷೆ ಎಲ್ಲ ಅವರ ಹತ್ತಿರವೇ. 24 ವರ್ಷದ ಲೆಫ್ಟಿನೆಂಟ್ 40 ದಾಟಿದ ಪೆಟಿ ಆಫೀಸರ್‌ನ ಸಂಸಾರದ ತಾಪತ್ರಯ ಕೇಳಬೇಕು. ಅಲ್ಲಿ ಹೇಗೆ ನಡೆದುಕೊಂಡರು ಅನ್ನುವ ಒಂದು ನೆನಪು ನಿಮ್ಮ ಆರು ಪುಟಗಳಲ್ಲಿ ಒಂದು ಪುಟ ತುಂಬಬೇಕು. ಬೈದದ್ದನ್ನೂ ಬರೆಯಿರಿ. ನಾವಿಕರು ನೆನಪಿಟ್ಟುಕೊಳ್ಳುವ ಅಧಿಕಾರಿಗಳೆಲ್ಲ ಮೃದು ಮಾತಿನವರಲ್ಲ.

ಮನೆಯವರನ್ನು ಬೇರೆಯಾಗಿ ಮಾತಾಡಿಸಿ, ಸಾಹೇಬರು ಪಕ್ಕದಲ್ಲಿ ಇಲ್ಲದಾಗ. ಮುಂಬೈ, ಕೊಚ್ಚಿ, ವಿಶಾಖಪಟ್ಟಣ, ದೆಹಲಿ ಅಂತ ಎರಡೆರಡು ವರ್ಷಕ್ಕೆ ಪೆಟ್ಟಿಗೆ ಕಟ್ಟಿದವರು ಅವರು. ಗಂಡ ಸಮುದ್ರದಲ್ಲಿದ್ದಾಗ ಗ್ಯಾಸ್ ಸಿಲಿಂಡರ್, ಮಗುವಿನ ಜ್ವರ, ಅತ್ತೆಯ ಆಪರೇಷನ್ ಎಲ್ಲ ನಿಭಾಯಿಸಿದವರು. 'ಪತ್ನಿಯ ಸಹಕಾರ ಅಪಾರ' ಅಂತ ಒಂದು ಸಾಲು ಬರೆದು ಮುಗಿಸುವ ಕರಡುಗಳನ್ನು ನಾನು ವಾಪಸ್ ಕೊಡುತ್ತೇನೆ. ಎಷ್ಟು ಮನೆ ಬದಲಾಯಿತು, ಮಕ್ಕಳು ಎಷ್ಟು ಶಾಲೆ ನೋಡಿದರು, ಯುದ್ಧದ ದಿನಗಳಲ್ಲಿ ಸುದ್ದಿ ಹೇಗೆ ತಿಳಿಯುತ್ತಿತ್ತು ಅಂತ ಕೇಳಿ. ಅಧಿಕಾರಿಯೇ ಹೆಂಗಸಾದರೆ ಇದೇ ಪ್ರಶ್ನೆಗಳನ್ನು ಗಂಡನಿಗೆ ಕೇಳಿ. 1992ರಿಂದ ವೈದ್ಯಕೀಯವಲ್ಲದ ಶಾಖೆಗಳಿಗೂ ಹೆಂಗಸರು ಅಧಿಕಾರಿಗಳಾಗಿ ಬರುತ್ತಿದ್ದಾರೆ. ಅವರಿಗೂ ಕಾಯಂ ಸೇವೆ ಸಿಗಬೇಕು ಅಂತ ಸುಪ್ರೀಂ ಕೋರ್ಟ್ ತೀರ್ಪು ಬಂದದ್ದು 2020ರ ಮಾರ್ಚ್‌ನಲ್ಲಿ. ಅದಕ್ಕೆ ಮುಂಚೆ ಸೇವೆ ಬಿಡಬೇಕಾಗಿ ಬಂದವರ ಕತೆಯೂ ಬರೆಯಲು ಕಾದಿದೆ.

ಬಾಲ್ಯಕ್ಕೆ ಎಷ್ಟು ಜಾಗ ಕೊಡಬೇಕು? ಮುಂದಿನ ಕೆಲಸಕ್ಕೆ ತಾಗುವಷ್ಟು. 1971ರಲ್ಲಿ ನೌಕಾಪಡೆಯ ಮುಖ್ಯಸ್ಥರಾಗಿದ್ದ ಅಡ್ಮಿರಲ್ ಎಸ್.ಎಂ. ನಂದಾ ಬೆಳೆದದ್ದು ಕರಾಚಿ ಬಂದರಿನ ಮಗ್ಗುಲಿನ ಮನೋರಾದಲ್ಲಿ. ಡಿಸೆಂಬರ್ 4ರ ರಾತ್ರಿ ನಮ್ಮ ಕ್ಷಿಪಣಿ ದೋಣಿಗಳು ಹೊಡೆದದ್ದು ಅದೇ ಬಂದರಿನ ಮೇಲೆ. ನೌಕಾದಿನ ಆಚರಿಸುವುದು ಆ ದಿನದ ನೆನಪಿಗೆ. ಅವರ ಬಾಲ್ಯವನ್ನು ನಾಲ್ಕು ಪುಟ ಬರೆದರೂ ಹೆಚ್ಚಲ್ಲ. ನಿಮ್ಮ ಅಧಿಕಾರಿ ಚಿಕ್ಕಂದಿನಲ್ಲಿ ಗಾಳಿಪಟ ಹಾರಿಸುತ್ತಿದ್ದರು ಅನ್ನುವುದು ಬಿಟ್ಟುಬಿಡಬಹುದು, ಅವರು ಮುಂದೆ ನೌಕಾ ವಿಮಾನ ಹಾರಿಸದಿದ್ದರೆ.

ದಡದ ಮೇಲಿನ ವರ್ಷಗಳು ಬೇಸರ ಅಂತ ಹಾರಿಸಬೇಡಿ. ಅದೇ 1971ರಲ್ಲಿ ದೆಹಲಿಯ ಕೇಂದ್ರ ಕಚೇರಿಯಲ್ಲಿ ನೌಕಾ ಕಾರ್ಯಾಚರಣೆಗಳ ನಿರ್ದೇಶಕರಾಗಿದ್ದವರು ಆಸ್ಕರ್ ಸ್ಟ್ಯಾನ್ಲಿ ಡಾಸನ್. ಮುಂದೆ 1982ರಲ್ಲಿ ಮುಖ್ಯಸ್ಥರಾದರು. ಕೊನೆಗಾಲ ಕಳೆದದ್ದು ನಮ್ಮ ಬೆಂಗಳೂರಿನಲ್ಲಿ. ಮೇಜಿನ ಹಿಂದೆ ಕೂತವರೂ ಯುದ್ಧ ಮಾಡುತ್ತಾರೆ. ಹಾಗೆಯೇ ಊಟಿ ಹತ್ತಿರದ ವೆಲಿಂಗ್ಟನ್‌ನ ಸ್ಟಾಫ್ ಕಾಲೇಜು, ದೆಹಲಿಯ ನ್ಯಾಷನಲ್ ಡಿಫೆನ್ಸ್ ಕಾಲೇಜು ಇವುಗಳ ಹೆಸರನ್ನು ಒಂದೇ ಸಾಲಿನಲ್ಲಿ ಹೇಳಿದರೆ ಸಾಕು. ಅಲ್ಲಿ ಯಾರ ಜೊತೆ ಸ್ನೇಹವಾಯಿತು ಅನ್ನುವುದರಲ್ಲಿ ಏನಾದರೂ ಇದ್ದರೆ ಮಾತ್ರ ಮುಂದುವರಿಸಿ.

ಕಾಗದಪತ್ರ ಎಲ್ಲಿ ಹುಡುಕುವುದು? ಮೊದಲು ಮನೆಯ ಕಪ್ಪು ಟ್ರಂಕ್. ಮಿಡ್‌ಶಿಪ್‌ಮನ್ ಆಗಿದ್ದಾಗ ಬರೆದ ಜರ್ನಲ್ ಅದರಲ್ಲಿರಬಹುದು. ತರಬೇತಿಯ ಹುಡುಗರು ದಿನದ ಕೆಲಸ, ಬಂದರಿನ ನಕ್ಷೆ, ಯಂತ್ರದ ಚಿತ್ರ ಎಲ್ಲ ಅದರಲ್ಲಿ ಬರೆಯಲೇಬೇಕಿತ್ತು, ಅಧಿಕಾರಿಗಳು ತಿದ್ದುತ್ತಿದ್ದರು. ಅದು ಸಿಕ್ಕರೆ ಬಂಗಾರ ಸಿಕ್ಕ ಹಾಗೆ. ಹಡಗು ಸೇವೆಗೆ ಬಂದಾಗ ಹಂಚಿದ ಪುಸ್ತಿಕೆ, ಮನೆಗೆ ಬರೆದ ಇನ್‌ಲ್ಯಾಂಡ್ ಪತ್ರ, ಆಮಂತ್ರಣ ಪತ್ರ ಯಾವುದನ್ನೂ ಎಸೆಯಬೇಡಿ. ಇತ್ತೀಚಿನವರಾದರೆ ಹುದ್ದೆ ವಹಿಸಿಕೊಂಡ ದಿನದ ಪ್ರಕಟಣೆ ಕೇಂದ್ರ ಸರ್ಕಾರದ ವಾರ್ತಾ ಸಂಸ್ಥೆ ಪಿಐಬಿಯಲ್ಲಿ ಸಿಗುತ್ತದೆ. ಗೌಪ್ಯ ವರದಿಗಳಿಗಾಗಿ ಮಾಹಿತಿ ಹಕ್ಕಿನ ಅರ್ಜಿ ಹಾಕಿ ಕಾಲ ಕಳೆಯಬೇಡಿ, ಅವು ಬೇರೆಯವರ ಕೈಗೆ ಬರುವುದಿಲ್ಲ.

ಹಳೆಯ ಫೋಟೋಗೆ ವರ್ಷ ಹಾಕುವುದಕ್ಕೆ ಒಂದು ಉಪಾಯ ಹೇಳುತ್ತೇನೆ. ಹಿಂದೆ ಹಾರುತ್ತಿರುವ ನೌಕಾಧ್ವಜ ನೋಡಿ. 1950ರಿಂದ 2001ರವರೆಗೆ ಬಿಳಿ ಬಟ್ಟೆಯ ಮೇಲೆ ಕೆಂಪು ಶಿಲುಬೆ ಗುರುತು, ಮೂಲೆಯಲ್ಲಿ ತ್ರಿವರ್ಣ. 2001ರ ಆಗಸ್ಟ್‌ನಲ್ಲಿ ಶಿಲುಬೆ ತೆಗೆದು ನೀಲಿ ಬಣ್ಣದ ನೌಕಾ ಲಾಂಛನ ಹಾಕಿದರು. 2004ರಲ್ಲಿ ಶಿಲುಬೆ ವಾಪಸ್ ಬಂತು, ಅದರ ನಡುವೆ ಅಶೋಕ ಸ್ತಂಭದ ಸಿಂಹಗಳು ಸೇರಿದವು. 2022ರ ಸೆಪ್ಟೆಂಬರ್‌ನಿಂದ ಈಗಿನ ಎಂಟು ಮೂಲೆಯ ನೀಲಿ ಚಿಹ್ನೆ, ಶಿವಾಜಿಯ ಮುದ್ರೆಯಿಂದ ಬಂದದ್ದು. ಧ್ವಜ, ಭುಜದ ಗೆರೆ, ಹಡಗಿನ ಹೆಸರು ಮೂರೂ ಕಂಡರೆ ಫೋಟೋ ಸುಮಾರು ಯಾವ ವರ್ಷದ್ದು ಅಂತ ಹೇಳಬಹುದು. ಬಿಳಿ ಬಟ್ಟೆ ಹಾಕಿದ್ದನ್ನು ನೋಡಿ 'ವಿಶೇಷ ಸಮಾರಂಭದಲ್ಲಿ' ಅಂತ ಅಡಿಬರಹ ಕೊಡಬೇಡಿ. ನೇವಿಯಲ್ಲಿ ಬಿಳಿ ದಿನಾ ಹಾಕುವ ಬಟ್ಟೆಯೇ.

ಆಮೇಲೆ ನಿಮ್ಮ ಇಸವಿಪಟ್ಟಿಯ ಪಕ್ಕ ದೇಶದ ಘಟನೆಗಳನ್ನು ಇಡಿ. 1961ರ ಗೋವಾ, 1965, 1971, 1987ರಿಂದ 1990ರವರೆಗೆ ಶ್ರೀಲಂಕಾ, 1988ರ ಮಾಲ್ಡೀವ್ಸ್, 1999ರ ಕಾರ್ಗಿಲ್ ದಿನಗಳಲ್ಲಿ ಅರಬ್ಬೀ ಸಮುದ್ರ, 2004ರ ಸುನಾಮಿ, 2008ರಿಂದ ಏಡನ್ ಕೊಲ್ಲಿಯ ಕಡಲ್ಗಳ್ಳರ ಕಾವಲು, 2015ರ ಯೆಮನ್. ಆ ಹೊತ್ತಿಗೆ ಇವರು ಎಲ್ಲಿದ್ದರು? ದೂರ ಇದ್ದರೆ ಅದನ್ನೇ ಹೇಳಿ. ಯುದ್ಧದ ವರ್ಷ ತರಬೇತಿ ಶಾಲೆಯಲ್ಲಿ ಪಾಠ ಹೇಳುತ್ತಿದ್ದ ಅಧಿಕಾರಿಯನ್ನು ಕರಾಚಿಗೆ ಕಳಿಸಿದ ಕರಡನ್ನೂ ನಾನು ನೋಡಿದ್ದೇನೆ. ನಮ್ಮ ಕರಾವಳಿಯವರಿಗೆ ಒಂದು ಮಾತು. ಕಾರವಾರದ ಎದುರಿಗಿರುವ, ಆಗ ಪೋರ್ಚುಗೀಸರ ಕೈಲಿದ್ದ ಅಂಜುದೀವಿನ ಮೇಲೆ 1961ರ ಡಿಸೆಂಬರ್ 18ರಂದು ಮೈಸೂರು, ತ್ರಿಶೂಲ್ ಹಡಗುಗಳ ನಾವಿಕರು ಇಳಿದರು, ಅಲ್ಲಿ ನಮ್ಮ ಏಳು ಮಂದಿ ಸತ್ತರು. ಆ ಕಾಲದವರ ಬಗ್ಗೆ ಬರೆಯುತ್ತಿದ್ದರೆ ಇದನ್ನು ಕೇಳದೆ ಏಳಬೇಡಿ. ಸೀಬರ್ಡ್ ನೆಲೆ (ಕದಂಬ ಎದ್ದು ನಿಂತ ಯೋಜನೆಯ ಹೆಸರು) ಕಟ್ಟಿದವರ ಬಗ್ಗೆ ಬರೆಯುವಾಗ ಅದಕ್ಕೆ ಮನೆ, ಗದ್ದೆ ಬಿಟ್ಟುಕೊಟ್ಟ ಕಾರವಾರ, ಅಂಕೋಲಾ ತಾಲೂಕಿನ ಜನರನ್ನೂ ಎರಡು ಸಾಲಿನಲ್ಲಾದರೂ ತನ್ನಿ. ನೆಲೆ ಖಾಲಿ ಜಾಗದಲ್ಲಿ ಎದ್ದದ್ದಲ್ಲ.

ಕಹಿ ಬಂದಾಗ ಏನು ಮಾಡುವುದು ಅಂತ ಎಲ್ಲರೂ ಕೇಳುತ್ತಾರೆ. ಹಡಗು ತಳ ತಾಗಿಸಿಕೊಂಡಿರುತ್ತದೆ, ವಿಚಾರಣೆ ಆಗಿರುತ್ತದೆ, ಬಡ್ತಿ ತಪ್ಪಿರುತ್ತದೆ. ಅಭಿನಂದನಾ ಗ್ರಂಥದಲ್ಲಿ ಅದೆಲ್ಲ ಯಾಕೆ ಅಂತ ಸಮಿತಿಯವರು ಅನ್ನುತ್ತಾರೆ. ನನ್ನ ಅಭಿಪ್ರಾಯ ಬೇರೆ. ಅಡ್ಮಿರಲ್ ಡಿ.ಕೆ. ಜೋಶಿ ಅವರ ಬದುಕು ಬರೆಯುವವರು 2014ರ ಫೆಬ್ರವರಿ 26 ಬಿಟ್ಟು ಬರೆಯಲು ಸಾಧ್ಯವೇ? ಸಿಂಧುರತ್ನ ಜಲಾಂತರ್ಗಾಮಿಯಲ್ಲಿ ಅವಘಡವಾದ ದಿನವೇ ಹೊಣೆ ಹೊತ್ತು ಮುಖ್ಯಸ್ಥರ ಹುದ್ದೆ ಬಿಟ್ಟರು. ಅದಕ್ಕೆ ಮುಂಚಿನ ವರ್ಷ ಸಿಂಧುರಕ್ಷಕ್‌ನಲ್ಲಿ 18 ಮಂದಿ ಹೋಗಿದ್ದರು. ಖುಕ್ರಿಯ ಕ್ಯಾಪ್ಟನ್ ಮಹೇಂದ್ರನಾಥ್ ಮುಲ್ಲಾ ಅವರ ಹೆಸರು ಉಳಿದದ್ದು ಹಡಗು ಮುಳುಗಿದ ರಾತ್ರಿಯಿಂದಲೇ. 1971ರ ಡಿಸೆಂಬರ್ 9ರಂದು 18 ಅಧಿಕಾರಿಗಳು, 176 ನಾವಿಕರು ಆ ಹಡಗಿನ ಜೊತೆ ಹೋದರು. ಮುಲ್ಲಾ ಹಡಗು ಬಿಡಲಿಲ್ಲ. ಕಹಿಯನ್ನು ಕೇಳುವಾಗ ತಗ್ಗಿದ ದನಿಯಲ್ಲಿ ಕೇಳಿ, ಬರೆಯುವಾಗ ನೆಟ್ಟಗೆ ಬರೆಯಿರಿ. ತೀರ್ಪು ಕೊಡುವ ಕೆಲಸ ನಿಮ್ಮದಲ್ಲ.

ಬರೆಯಬಾರದ್ದೂ ಇದೆ. ಅಧಿಕೃತ ರಹಸ್ಯ ಕಾಯ್ದೆ 1923ರದ್ದು, ನಿವೃತ್ತಿಯ ಜೊತೆ ಅದು ಮುಗಿಯುವುದಿಲ್ಲ. ಜಲಾಂತರ್ಗಾಮಿ ಎಷ್ಟು ಆಳ ಹೋಗುತ್ತದೆ, ಈಗಿರುವ ನೆಲೆಯಲ್ಲಿ ಏನು ಎಲ್ಲಿದೆ, ಸಂಕೇತ ಭಾಷೆ ಹೇಗೆ, ಇಂಥದ್ದನ್ನು ಕೇಳಲೂಬೇಡಿ. ಅವರು ಮಾತಿನ ಭರದಲ್ಲಿ ಹೇಳಿದರೂ ಬರೆದುಕೊಳ್ಳಬೇಡಿ. ಅದರಿಂದ ನಿಮ್ಮ ಬರಹಕ್ಕೆ ಏನೂ ನಷ್ಟವಿಲ್ಲ.

ಇಷ್ಟೆಲ್ಲ ಆದ ಮೇಲೆ ಬರೆಯಲು ಕೂರಿ. 'ಶ್ರೀಯುತರು 1974ರಲ್ಲಿ ನೌಕಾಪಡೆಗೆ ಸೇರಿ ಅನೇಕ ಯುದ್ಧನೌಕೆಗಳಲ್ಲಿ ಮಹತ್ವದ ಹುದ್ದೆಗಳನ್ನು ನಿರ್ವಹಿಸಿ' ಅಂತ ಶುರುವಾದ ಸಾಲನ್ನು ಹೀಗೆ ಮಾಡಿ ನೋಡಿ. ಇದು ಸುಮ್ನೆ ಕಟ್ಟಿದ ಉದಾಹರಣೆ: 'ಕೊಚ್ಚಿ ಬಿಟ್ಟ ಎರಡನೇ ರಾತ್ರಿ ರಾಡಾರ್ ಕೆಟ್ಟಿತು. ಮೀನು ದೋಣಿಗಳ ದೀಪ ಸುತ್ತಲೂ. ಬ್ರಿಡ್ಜ್ ಮೇಲಿದ್ದ ಸಬ್ ಲೆಫ್ಟಿನೆಂಟ್‌ಗೆ ಹೊನ್ನಾವರದ ದೋಣಿಗಳ ದೀಪ ಗೊತ್ತಿತ್ತು. ಅವನು ವೇಗ ಕಡಿಮೆ ಮಾಡಿಸಿ, ಕ್ಯಾಪ್ಟನ್‌ನನ್ನು ಎಬ್ಬಿಸಿದ.' ಇಷ್ಟರಲ್ಲಿ ಊರು, ಹುದ್ದೆ, ವಯಸ್ಸು, ಬುದ್ಧಿ ಎಲ್ಲ ಬಂತು. ಪದಕಗಳ ಪಟ್ಟಿಯನ್ನು ಕೊನೆಯ ಪುಟದ ಚೌಕಟ್ಟಿನಲ್ಲಿ ಹಾಕಿ. ಹಡಗುಗಳ ಇಸವಿಪಟ್ಟಿಯೂ ಅಲ್ಲೇ ಇರಲಿ. ಮುಂದೆ ಯಾರಾದರೂ ಹುಡುಕಿಕೊಂಡು ಬರುವುದು ಆ ಪಟ್ಟಿಗಾಗಿಯೇ.

ಬ್ರಿಡ್ಜ್, ವಾರ್ಡ್‌ರೂಮ್, ರಿಫಿಟ್, ಕಮಿಷನ್ ಇವುಗಳಿಗೆ ಹೊಸದಾಗಿ ಕನ್ನಡ ಹುಟ್ಟಿಸಲು ಹೋಗಬೇಡಿ. ಅವರೂ ಹಾಗೆ ಮಾತಾಡುವುದಿಲ್ಲ, ಓದುವವರಿಗೂ ತಿಳಿಯುವುದಿಲ್ಲ. ಮೊದಲ ಸಲ ಬಂದಾಗ ಅರ್ಧ ಸಾಲಿನಲ್ಲಿ ಏನು ಅಂತ ಹೇಳಿ ಮುಂದೆ ಹೋಗಿ.

ಅಚ್ಚಿಗೆ ಕೊಡುವ ಮುಂಚೆ ಕರಡನ್ನು ಅಧಿಕಾರಿಗೆ ತೋರಿಸಿ. ಆದರೆ ತಾರೀಖು, ಹೆಸರು, ಹಡಗು ಸರಿಯಿದೆಯಾ ಅಂತ ಮಾತ್ರ ನೋಡಲು ಹೇಳಿ. ಇಲ್ಲದಿದ್ದರೆ ಕೆಂಪು ಪೆನ್ ಹಿಡಿದು ಅದನ್ನು ಮತ್ತೆ ಬಯೋಡೇಟಾ ಮಾಡಿ ಕಳಿಸುತ್ತಾರೆ, ಅದು ಅವರ ಅಭ್ಯಾಸ. ನಾವಿಕ ಹೇಳಿದ ಕತೆಯನ್ನು ತೆಗೆಯಿರಿ ಅಂದರೆ ಯಾಕೆ ಅಂತ ಕೇಳಿ. ಘಟನೆ ತಪ್ಪಿದ್ದರೆ ತೆಗೆಯಿರಿ, ಬರೀ ಸಂಕೋಚವಾಗಿದ್ದರೆ ಇರಲಿ ಅಂತ ಒಪ್ಪಿಸಿ. ಸಂಚಿಕೆ ಬಂದ ಮೇಲೆ ಒಂದು ಪ್ರತಿಯನ್ನು ಆ ನಾವಿಕನ ಮನೆಗೂ ಕಳಿಸಿ, ಅಂಚೆ ಖರ್ಚು ಸಮಿತಿಯ ಲೆಕ್ಕದಲ್ಲೇ ಹಾಕಿ.